ಬಿಸಿಲು ಹಿಡಿದ ಮೂರ್ತಿಗಳು

ಗುರುದತ್ ಯಾರಿಗೆ ಗೊತ್ತಿಲ್ಲ ಹೇಳಿ? ‘ಪ್ಯಾಸಾ’ ನೋಡದವರೂ ಆ ಮುಖ ನೋಡಿರುತ್ತಾರೆ. ವಹೀದಾ ಗೊತ್ತು, ಗೀತಾ ದತ್ ಗೊತ್ತು, ಎಸ್.ಡಿ. ಬರ್ಮನ್ ಗೊತ್ತು. ಆದರೆ ಆ ಮುಖದ ಅರ್ಧವನ್ನು ಕತ್ತಲೆಯಲ್ಲಿಟ್ಟು ಇನ್ನರ್ಧಕ್ಕೆ ಮಾತ್ರ ಬೆಳಕು ಕೊಟ್ಟವರು ಯಾರು ಅಂತ ಕೇಳಿ ನೋಡಿ. ನಾನು ಸಿಕ್ಕಸಿಕ್ಕವರನ್ನೆಲ್ಲ ಕೇಳಿದ್ದೇನೆ, ನಮ್ಮ ಅರಬೈಲಿನ ಬಸ್‌ಸ್ಟಾಪಿನಲ್ಲೂ, ಬೆಂಗಳೂರಿನ ಆಫೀಸಿನ ಕ್ಯಾಂಟೀನಿನಲ್ಲೂ. ಎರಡೂ ಕಡೆ ಸಿಕ್ಕ ಉತ್ತರ ಒಂದೇ, ತಲೆ ಕೆರೆದುಕೊಳ್ಳುವುದು.

ಅವರು ನಮ್ಮ ಮೈಸೂರಿನವರು ಕಣ್ರೀ. ವೆಂಕಟರಾಮ ಪಂಡಿತ್ ಕೃಷ್ಣಮೂರ್ತಿ. ಸಿನೆಮಾದವರ ಬಾಯಲ್ಲಿ ವಿ.ಕೆ. ಮೂರ್ತಿ. ಹುಟ್ಟಿದ್ದು 1923ರ ನವೆಂಬರ್ 26ಕ್ಕೆ, ತೀರಿಕೊಂಡಿದ್ದು 2014ರ ಏಪ್ರಿಲ್ 7ಕ್ಕೆ, ಬೆಂಗಳೂರಿನಲ್ಲಿ. ನಡುವಿನ ತೊಂಬತ್ತು ವರ್ಷಗಳಲ್ಲಿ ಹೆಚ್ಚಿನದನ್ನು ಮುಂಬಯಿ ತಿಂದುಹಾಕಿತು.

ಮುಂಬಯಿಗೆ ಯಾಕೆ ಹೋದರು ಅಂತ ಕೇಳಿದರೆ, ಇಲ್ಲಿದ್ದು ಮಾಡುವುದಾದರೂ ಏನಿತ್ತು? ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ, ಅದೇ ನಮ್ಮ ಎಸ್.ಜೆ.ಪಿ.ಯಲ್ಲಿ, ಅವರು ಛಾಯಾಗ್ರಹಣದ ಡಿಪ್ಲೊಮಾ ಮುಗಿಸಿದ್ದು 1946ರಲ್ಲಿ. ಸಿನೆಮಾಕ್ಕೆ ಬೆಳಕು ಮಾಡುವುದನ್ನು ಕಲಿಸುವ ಶಾಲೆ ನಮ್ಮಲ್ಲಿತ್ತು, ಸಿನೆಮಾ ಇರಲಿಲ್ಲ! ಮೊದಲ ಕನ್ನಡ ಟಾಕಿ ‘ಸತಿ ಸುಲೋಚನ’ 1934ರಲ್ಲಿ ತಯಾರಾಗಿದ್ದು ಕೊಲ್ಲಾಪುರದಲ್ಲಿ. ‘ಬೇಡರ ಕಣ್ಣಪ್ಪ’ 1954ರಲ್ಲಿ ಬಂತಲ್ಲ, ಅದೂ ಮದ್ರಾಸಿನ ಕೂಸು. ಕ್ಯಾಮರಾ, ಲ್ಯಾಬು, ಲೈಟು, ಫ್ಲೋರು ಹೆಚ್ಚಾಗಿ ಹೊರಗೆ. ಮನೆಯಲ್ಲಿ ಅಡಿಕೆ ಸುಲಿಯುವುದಕ್ಕೆ ಕಲಿಸಿ, ತೋಟ ಮಾತ್ರ ಪಕ್ಕದೂರಲ್ಲಿ ಇಟ್ಟ ಹಾಗೆ. ಕಲಿತವನು ತೋಟ ಇದ್ದ ಕಡೆ ಹೋಗಲೇಬೇಕು.

ಅಲ್ಲಿ ಫಾಲಿ ಮಿಸ್ತ್ರಿಯವರ ಕೈಕೆಳಗೆ ಪಳಗಿದರು. 1951ರಲ್ಲಿ ‘ಬಾಜಿ’ ಚಿತ್ರಕ್ಕೆ ವಿ. ರಾತ್ರಾ ಛಾಯಾಗ್ರಾಹಕರು, ಮೂರ್ತಿ ಸಹಾಯಕ. ನಿರ್ದೇಶಕ ಹೊಸ ಹುಡುಗ, ಗುರುದತ್. ಹಾಡೊಂದರ ಚಿತ್ರೀಕರಣದಲ್ಲಿ, ಕನ್ನಡಿಯೊಳಗಿನ ಪ್ರತಿಬಿಂಬದಿಂದ ಶುರುವಾಗಿ ಕ್ಯಾಮರಾ ಚಲಿಸುತ್ತ ಹೋಗುವ ಒಂದು ಕಷ್ಟದ ಶಾಟನ್ನು ಮೂರ್ತಿ ಸೂಚಿಸಿದರು. ರಾತ್ರಾ ದೊಡ್ಡ ಮನಸ್ಸು ಮಾಡಿ ನೀನೇ ಮಾಡು ಅಂದರು. ಶಾಟ್ ಮುಗಿಯುವಷ್ಟರಲ್ಲಿ ಗುರುದತ್ ಮನಸ್ಸಿನಲ್ಲಿ ಮುಂದಿನ ಸಿನೆಮಾದ ಕ್ಯಾಮರಾಮನ್ ಯಾರೆಂಬುದು ತೀರ್ಮಾನವಾಗಿತ್ತು. 1952ರ ‘ಜಾಲ್’ನಿಂದ 1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ವರೆಗೆ ಜೋಡಿ ಗಟ್ಟಿಯಾಗಿ ನಿಂತಿತು. ‘ಆರ್ ಪಾರ್’, ‘ಮಿಸ್ಟರ್ ಅಂಡ್ ಮಿಸೆಸ್ 55’, ‘ಪ್ಯಾಸಾ’, ‘ಕಾಗಜ್ ಕೆ ಫೂಲ್’...

ಅಂದ ಹಾಗೆ ಗುರುದತ್ ಕೂಡ ಹುಟ್ಟಿದ್ದು ಬೆಂಗಳೂರಿನಲ್ಲೇ, 1925ರಲ್ಲಿ. ಪಡುಕೋಣೆ ಮನೆತನ, ಚಿತ್ರಾಪುರ ಸಾರಸ್ವತರು. ಅವರ ಮಠ ಇರುವುದು ನಮ್ಮದೇ ಜಿಲ್ಲೆಯ ಶಿರಾಲಿಯಲ್ಲಿ. ನಮ್ಮೂರಿಂದ ಘಟ್ಟ ಇಳಿದು ಅಂಕೋಲೆಯಲ್ಲಿ ಎಡಕ್ಕೆ ತಿರುಗಿ ಸಮುದ್ರದ ಬದಿಗೇ ಹೋದರೆ ಸಿಗುವ ಊರು ಅದು. ಹಿಂದಿ ಸಿನೆಮಾದ ಕಪ್ಪು ಬಿಳುಪಿನ ಅತ್ಯಂತ ಚೆಂದದ ಹತ್ತು ವರ್ಷಗಳನ್ನು ಈ ಕಡೆಯ ಇಬ್ಬರು ಸೇರಿ ಮಾಡಿದ್ದು ಅಂತ ನೆನೆದಾಗಲೆಲ್ಲ ನನಗೆ ಸ್ವಲ್ಪ ಜಂಬ. ಇರಲಿ ಬಿಡಿ, ಜಂಬ ಪಡುವುದಕ್ಕೆ ನಮಗೂ ಏನಾದರೂ ಬೇಕಲ್ಲ.

ಈಗ ಆ ಬಿಸಿಲುಕೋಲಿನ ವಿಷಯಕ್ಕೆ ಬರ್ತೇನೆ. ಇದನ್ನು ಹೇಳಬೇಕೆಂದೇ ಬರೆಯಲು ಕೂತಿದ್ದು.

‘ಕಾಗಜ್ ಕೆ ಫೂಲ್’ (1959) ಭಾರತದ ಮೊದಲ ಸಿನೆಮಾಸ್ಕೋಪ್ ಚಿತ್ರ. ಅದುವರೆಗಿನ ಪರದೆ ಹೆಚ್ಚುಕಡಿಮೆ ಚೌಕ. ಇದು ಎತ್ತರದ ಎರಡೂಕಾಲು ಪಟ್ಟಿಗಿಂತ ಹೆಚ್ಚು ಅಗಲ. ಅಷ್ಟು ಅಗಲದ ಜಾಗಕ್ಕೆ ಏನು ತುಂಬುವುದು? ಬೇರೆಯವರಾದರೆ ಕುದುರೆ, ಸೈನ್ಯ, ಗುಡ್ಡ ಬೆಟ್ಟ ತುಂಬುತ್ತಿದ್ದರು. ಮೂರ್ತಿ ಕತ್ತಲೆ ತುಂಬಿದರು. ಖಾಲಿ ಸ್ಟುಡಿಯೋ, ಮಧ್ಯೆ ಗುರುದತ್ ಮತ್ತು ವಹೀದಾ, ಹಿನ್ನೆಲೆಯಲ್ಲಿ ಗೀತಾ ದತ್ ದನಿ. ಮೇಲಿನಿಂದ ಓರೆಯಾಗಿ ಒಂದು ಬೆಳಕಿನ ಕಂಬ ಇಳಿದಿದೆ. ದೇಹ ಅಲ್ಲೇ ನಿಂತಿದೆ, ಒಳಗಿನ ಜೀವಗಳು ಮಾತ್ರ ಹೊರಬಂದು ಆ ಬೆಳಕಿನಲ್ಲಿ ಒಂದನ್ನೊಂದು ಸೇರುತ್ತವೆ. ಇಷ್ಟೇ ದೃಶ್ಯ. ಇಬ್ಬರೂ ಒಬ್ಬರನ್ನೊಬ್ಬರು ಮುಟ್ಟುವುದಿಲ್ಲ, ಮಾತಿಲ್ಲ. ಹೇಳಬೇಕಾದ್ದನ್ನೆಲ್ಲ ಆ ಕಂಬವೇ ಹೇಳಿ ಮುಗಿಸುತ್ತದೆ.

ಅದನ್ನು ಮಾಡಿದ್ದು ಹೇಗೆ ಗೊತ್ತಾ? ಎರಡು ಕನ್ನಡಿಯಿಂದ! ಸ್ಟುಡಿಯೋದ ದೀಪ ಎಷ್ಟೇ ದೊಡ್ಡದಿದ್ದರೂ ಅದರ ಬೆಳಕು ಹೊರಟ ಕೂಡಲೇ ಅಗಲವಾಗುತ್ತ ಹೋಗುತ್ತದೆ, ಟಾರ್ಚ್ ಬಿಟ್ಟ ಹಾಗೆ. ಸೂರ್ಯ ಅಷ್ಟು ದೂರ ಇರುವುದರಿಂದ ಅವನ ಕಿರಣಗಳು ನಮ್ಮಲ್ಲಿಗೆ ಬರುವಾಗ ಹೆಚ್ಚುಕಡಿಮೆ ಸಮಾನಾಂತರ. ಕೋಲಿನ ಹಾಗೆ ನೆಟ್ಟಗಿನ ಬೆಳಕು ಬೇಕಾದರೆ ಸೂರ್ಯನನ್ನೇ ಕರೆತರಬೇಕು. ಮೂರ್ತಿ ಹೊರಗೆ ಬಿಸಿಲಿನಲ್ಲಿ ಒಂದು ದೊಡ್ಡ ಕನ್ನಡಿ ನಿಲ್ಲಿಸಿದರು. ಅದು ಬಿಸಿಲನ್ನು ಒಳಗೆ ಎಸೆಯಿತು. ಒಳಗೆ ಮೇಲಿನ ಅಟ್ಟಣಿಗೆಯಲ್ಲಿದ್ದ ಇನ್ನೊಂದು ಕನ್ನಡಿ ಅದನ್ನು ಹಿಡಿದು ಕೆಳಗೆ ಬಿಟ್ಟಿತು. ಗಾಳಿಯಲ್ಲಿ ಸ್ವಲ್ಪ ಹೊಗೆ ಇದ್ದರಾಯ್ತು, ಕಂಬ ಎದ್ದು ನಿಲ್ಲುತ್ತದೆ. ಸೂರ್ಯ ಯಾರಿಗೂ ಕಾಯುವವನಲ್ಲ, ಕನ್ನಡಿಯ ಕೋನ ಸರಿಪಡಿಸುತ್ತ, ಬಿಸಿಲು ಜಾರುವುದರೊಳಗೆ ಶಾಟ್ ಮುಗಿಸಬೇಕು.

ಇದನ್ನು ಮೊದಲ ಸಲ ಕಂಪ್ಯೂಟರಿನಲ್ಲಿ ಹಾಕಿ ಆಯಿಗೆ ತೋರಿಸಿದೆ. ಆಯಿಗೆ ಹಿಂದಿ ಬಾರದು, ಗುರುದತ್ತೂ ಬೇಡ. ಒಂದು ನಿಮಿಷ ನೋಡಿದವಳು, “ಇದೆಂತದೋ ತಮಾ, ನಮ್ಮನೆ ಅಡಗೆಮನೆ ಇದ್ದಾಂಗೇ ಇದ್ದಲೋ!” ಅಂದಳು.

ಹೌದಲ್ಲ! ನಮ್ಮ ಕಡೆಯ ಹಳೇ ಮನೆಗಳನ್ನು ನೋಡಿದವರಿಗೆ ಗೊತ್ತಿರುತ್ತದೆ. ತಗ್ಗಿನ ಮಾಡು, ಮಸಿ ಹಿಡಿದ ಗೋಡೆ, ಹಗಲಲ್ಲೂ ದೀಪ ಬೇಕು ಅನ್ನಿಸುವ ಅಡುಗೆಮನೆ. ಹೆಂಚಿನ ನಡುವೆ ಒಂದೋ ಎರಡೋ ಗಾಜಿನ ಹೆಂಚು. ಒಲೆಯ ಹೊಗೆ ಎದ್ದಾಗ ಆ ಗಾಜಿನಿಂದ ಒಂದು ಕೋಲು ನೇರ ಇಳಿದು ಕಡೆಯುವ ಕಲ್ಲಿನ ಮೇಲೆ ಕೂರುತ್ತಿತ್ತು. ಹತ್ತು ಗಂಟೆಗೆ ಒಲೆಯ ಹತ್ತಿರ, ಹನ್ನೆರಡಕ್ಕೆ ನಡುವೆ, ಎರಡಕ್ಕೆ ನೀರಿನ ಹಂಡೆಯ ಬದಿಗೆ. ಗಡಿಯಾರ ನೋಡದೆಯೇ ಆಯಿ ಅನ್ನಕ್ಕೆ ಇಡುತ್ತಿದ್ದಳು. ಹುಡುಗರಿಗೆ ಆ ಕೋಲಿನೊಳಗೆ ಕೈ ಆಡಿಸುವುದೇ ಆಟ.

ಬಿಸಿಲುಕೋಲು ಕಾಣಬೇಕಾದರೆ ಗಾಳಿಯಲ್ಲಿ ಏನಾದರೂ ಇರಬೇಕು. ಮನೆಯಲ್ಲಿ ಹೊಗೆ. ಅರಬೈಲು ಘಟ್ಟದಲ್ಲಿ ಬೆಳಿಗ್ಗೆಯ ಇಬ್ಬನಿ. ದೊಡ್ಡ ಮರಗಳ ಸಂದಿನಿಂದ ನೂರಾರು ಕೋಲು ಒಟ್ಟಿಗೇ ರಸ್ತೆಗೆ ಬಿದ್ದಿರುತ್ತವೆ, ಬಸ್ಸು ಒಂದೊಂದನ್ನೇ ದಾಟಿಕೊಂಡು ತಿರುವು ಇಳಿಯುತ್ತದೆ. ಬೇಲೆಕೇರಿ ಬಂದರಿಗೆ ಅದಿರು ಸಾಗುತ್ತಿದ್ದ ವರ್ಷಗಳಲ್ಲಿ, 2010ಕ್ಕಿಂತ ಮೊದಲು, ರಾತ್ರಿ ಸಾಲುಗಟ್ಟಿ ಬರುವ ಲಾರಿಗಳ ದೀಪದಲ್ಲಿ ಕೆಂಪು ಧೂಳಿನ ಕೋಲುಗಳನ್ನೂ ನೋಡಿದ್ದೇನೆ. ಅವು ಮಾತ್ರ ಟಾರ್ಚಿನ ಹಾಗೆ ಹರಡಿಕೊಳ್ಳುತ್ತಿದ್ದವು. ಚೆಂದ ಅನ್ನುವುದಕ್ಕೆ ಮನಸ್ಸಾಗುತ್ತಿರಲಿಲ್ಲ, ಮಾರನೇ ದಿನ ರಸ್ತೆ ಬದಿಯ ಎಲೆಗಳನ್ನು ನೋಡಬೇಕಿತ್ತಲ್ಲ.

ನನಗೆ ಮೂರ್ತಿಗಳ ಹೆಸರು ಹೇಳಿಕೊಟ್ಟವನು ಚಿಕ್ಕಪ್ಪ. ಯಲ್ಲಾಪುರದಲ್ಲಿ ಅವನದೊಂದು ಪುಟ್ಟ ಫೋಟೋ ಸ್ಟುಡಿಯೋ. ಹುಡುಗನಾಗಿದ್ದಾಗ ಹುಬ್ಬಳ್ಳಿಯಲ್ಲಿ ಕೆಲಸ ಕಲಿಯಲು ಹೋಗಿದ್ದಾಗ ಮ್ಯಾಟಿನಿಗೆ ‘ಕಾಗಜ್ ಕೆ ಫೂಲ್’ ಬಂದಿತ್ತಂತೆ, ಮೂರು ಸಲ ನೋಡಿದ್ದನಂತೆ. ಕಥೆ ಕೇಳಿದರೆ ಹೇಳಲು ಬರುತ್ತಿರಲಿಲ್ಲ. ಯಾವ ದೃಶ್ಯದಲ್ಲಿ ಬೆಳಕು ಎಡದಿಂದ, ಯಾವುದರಲ್ಲಿ ಬೆನ್ನಿನಿಂದ ಅಂತ ಕೇಳಿದರೆ ಊಟ ಬಿಟ್ಟು ಹೇಳುತ್ತಿದ್ದ. ಡಾರ್ಕ್‌ರೂಮಿನ ಕೆಂಪು ಬಲ್ಬಿನಲ್ಲಿ, ಹೈಪೋ ವಾಸನೆಯಲ್ಲಿ, ಬ್ರೋಮೈಡ್ ಪೇಪರಿನ ಮೇಲೆ ಮದುಮಗಳ ಮೂಗುತಿ ಮೊದಲು ಮೂಡಿ ಆಮೇಲೆ ಮುಖ ಬರುವುದನ್ನು ನಾನು ಅವನ ಪಕ್ಕ ನಿಂತು ನೋಡಿದ್ದು.

ಮದುವೆಮನೆಗಳಲ್ಲಿ ಅವನದು ಒಂದು ಹಠ. ಹೋಮದ ಹೊಗೆಗೆ ಗಾಜಿನ ಹೆಂಚಿನ ಬಿಸಿಲು ತಾಗುವ ಹೊತ್ತಿಗೇ ಧಾರೆ ಆಗಬೇಕು! ಭಟ್ಟರು ಬಯ್ಯುತ್ತಿದ್ದರು, “ಮುಹೂರ್ತ ನಿನ್ನ ಬಿಸಿಲಿಗೆ ಕಾಯ್ತಿಲ್ಯೋ ಮಾರಾಯಾ.” ಆದರೂ ಎರಡೋ ಮೂರೋ ಮದುವೆಯಲ್ಲಿ ಬಿಸಿಲೂ ಮುಹೂರ್ತವೂ ಒಟ್ಟಿಗೇ ಬಂದವು. ಆ ಫೋಟೋಗಳು ಈಗಲೂ ಕೆಲವು ಮನೆಗಳ ಗೋಡೆಯಲ್ಲಿ ಇವೆ. ಮದುಮಕ್ಕಳ ಹೆಸರು, ಇಸವಿ, ಎಲ್ಲ ಬರೆದಿದೆ. ತೆಗೆದವನ ಹೆಸರಿಲ್ಲ.

ಡಿಜಿಟಲ್ ಬಂತು, ಸ್ಟುಡಿಯೋ ಝೆರಾಕ್ಸ್ ಅಂಗಡಿಯಾಯಿತು. ಚಿಕ್ಕಪ್ಪ ತೀರಿಕೊಂಡಾಗ ಪೇಪರಿಗೆ ಕೊಡಲು ಅವನದೊಂದು ಫೋಟೋ ಬೇಕಾಯಿತು. ಮನೆಯಲ್ಲಿ ಸಾವಿರಾರು ನೆಗೆಟಿವ್, ಅವನದು ಒಂದೂ ಇಲ್ಲ. ಹುಡುಕಿ ಹುಡುಕಿ ಸಿಕ್ಕಿದ್ದು ಯಾರದೋ ಮದುವೆಯದು: ಸೀರೆ ನೋಡುತ್ತ ಕೂತ ಹೆಂಗಸರ ಹಿಂದೆ ಕಪಾಟಿನ ಕನ್ನಡಿ, ಕನ್ನಡಿಯೊಳಗೆ ಕ್ಯಾಮರಾ ಹಿಡಿದು ನಿಂತ ಒಬ್ಬ ತೆಳ್ಳನೆಯ ಮನುಷ್ಯ. ಮುಖ ಇರಬೇಕಾದಲ್ಲಿ ಕ್ಯಾಮರಾ. ಕೊನೆಗೆ ರೇಷನ್ ಕಾರ್ಡಿನ ಮಸುಕು ಫೋಟೋವನ್ನೇ ಕೊಟ್ಟೆವು.

ಹಾಗಾಗಿ ಛಾಯಾಗ್ರಾಹಕರ ಹೆಸರು ಎಲ್ಲಿ ಹೋಗುತ್ತದೆ ಅನ್ನುವುದು ನನಗೆ ಬರೀ ಸಿನೆಮಾ ಪ್ರಶ್ನೆ ಅಲ್ಲ. ‘ನಮ್ಮೂರ ಮಂದಾರ ಹೂವೆ’ (1996) ಬಂದ ಮೇಲೆ ನಮ್ಮ ಯಾಣಕ್ಕೆ ಜನ ಹೇಗೆ ನುಗ್ಗಿದರು ಅಂತ ನಿಮಗೆ ಗೊತ್ತು. ಹೀರೋ ಹೆಸರು ಗೊತ್ತು, ಹಾಡು ಬಾಯಿಪಾಠ. ಆ ಕಲ್ಲುಗಳನ್ನು ನಮಗೇ ಹೊಸದಾಗಿ ತೋರಿಸಿದ ಕಣ್ಣು ಯಾರದು ಅಂತ ಯಾಣಕ್ಕೆ ಬಂದವರಲ್ಲಿ ಒಬ್ಬರೂ ಕೇಳಿದ್ದನ್ನು ನಾನು ಕೇಳಿಲ್ಲ.

ಬೇರೆ ಕಡೆಯಾದರೂ ಬೇರೆ ಥರವಾ ಅಂದರೆ, ಸ್ವಲ್ಪ ಹೌದು, ಸ್ವಲ್ಪ ಇಲ್ಲ. ಗ್ರೀಕ್ ಸಿನೆಮಾದಲ್ಲಿ ವಾಲ್ಟರ್ ಲಸಾಲಿ ಅಂತ ಒಬ್ಬರಿದ್ದರು. ಬರ್ಲಿನ್‌ನಲ್ಲಿ ಹುಟ್ಟಿ, ನಾಜಿಗಳ ಕಾಲದಲ್ಲಿ ಇಂಗ್ಲೆಂಡಿಗೆ ಓಡಿಬಂದ ಕುಟುಂಬದ ಹುಡುಗ. ನಿರ್ದೇಶಕ ಕಕೊಯಾನಿಸ್ ಜೊತೆ ಸೇರಿ ಗ್ರೀಸಿನ ಉರಿಬಿಸಿಲನ್ನು ಕಪ್ಪು ಬಿಳುಪಿನಲ್ಲಿ ಹಿಡಿದರು. ‘ಎಲೆಕ್ಟ್ರಾ’ (1962), ಆಮೇಲೆ ‘ಜೋರ್ಬಾ ದಿ ಗ್ರೀಕ್’ (1964). ಜೋರ್ಬಾಕ್ಕೆ ಆಸ್ಕರ್ ಸಿಕ್ಕಿತು. ಸಿನೆಮಾ ನೋಡಿದವರಿಗೆ ನೆನಪಿರುವುದು ಆಂಥನಿ ಕ್ವಿನ್ ಕುಣಿತ ಮಾತ್ರ. ಲಸಾಲಿ ಏನು ಮಾಡಿದರು ಅಂದರೆ, ವಯಸ್ಸಾದ ಮೇಲೆ ಕ್ರೀಟ್ ದ್ವೀಪಕ್ಕೆ ಹೋಗಿ ಆ ಕುಣಿತ ಚಿತ್ರೀಕರಿಸಿದ ಸ್ಟಾವ್ರೋಸ್ ಕಡಲ ತೀರದ ಬಳಿಯೇ ಉಳಿದುಬಿಟ್ಟರು. ಆಸ್ಕರ್ ಪ್ರತಿಮೆಯನ್ನು ಅಲ್ಲಿನ ಒಂದು ಊಟದಂಗಡಿಯಲ್ಲಿ ಇಡಲು ಕೊಟ್ಟರು. ಬಂದವರೆಲ್ಲ ಎತ್ತಿ ನೋಡಿ ಫೋಟೋ ತೆಗೆಸಿಕೊಳ್ಳುತ್ತಿದ್ದರು. 2012ರಲ್ಲಿ ಬೆಂಕಿ ಬಿದ್ದು ಅಂಗಡಿಯ ಜೊತೆ ಪ್ರತಿಮೆಯೂ ಹೋಯಿತು. ಅವರು ತೀರಿಕೊಂಡಿದ್ದು 2017ರಲ್ಲಿ. ತಾನು ಬೆಳಕು ಹಿಡಿದ ಜಾಗದಲ್ಲೇ ಬದುಕುವುದು... ನನಗೆ ಹೊಟ್ಟೆಕಿಚ್ಚಾಗುವುದು ಆಸ್ಕರಿಗಲ್ಲ, ಇದಕ್ಕೆ.

ನಮ್ಮಲ್ಲೇ ಮೂರ್ತಿಗಳ ಸಮಕಾಲೀನರು ಸುಬ್ರತ ಮಿತ್ರ, ಸತ್ಯಜಿತ್ ರಾಯ್ ಅವರ ಛಾಯಾಗ್ರಾಹಕ. ಇಬ್ಬರ ದಾರಿ ತದ್ವಿರುದ್ಧ. ‘ಅಪರಾಜಿತೋ’ (1956) ಚಿತ್ರಕ್ಕೆ ಕಾಶಿಯ ಮನೆಯ ಅಂಗಳವನ್ನು ಸ್ಟುಡಿಯೋದಲ್ಲಿ ಕಟ್ಟಿದಾಗ ಮಿತ್ರ ಮೇಲೆ ಬಿಳಿ ಬಟ್ಟೆ ಕಟ್ಟಿ, ದೀಪದ ಬೆಳಕನ್ನು ಅದಕ್ಕೆ ಬಡಿಸಿ ಕೆಳಗೆ ಇಳಿಸಿದರು. ಎಲ್ಲಿಂದ ಬಂತು ಅಂತ ಗೊತ್ತಾಗದ, ನೆರಳಿಲ್ಲದ ಬೆಳಕು. ಮಳೆಗಾಲದಲ್ಲಿ ನಮ್ಮ ಜಗುಲಿಯಲ್ಲಿ ಕೂತರೆ ಸಿಗುತ್ತದಲ್ಲ, ಅದೇ. ಮೂರ್ತಿಗಳದ್ದು ಅಡುಗೆಮನೆಯದು: ಎಲ್ಲಿಂದ ಬಂತೆಂದು ಬೊಟ್ಟು ಮಾಡಿ ತೋರಿಸಬಹುದು, ಬಿದ್ದಲ್ಲಿ ಉರಿಯುತ್ತದೆ, ಬೀಳದಲ್ಲಿ ಕತ್ತಲೆ. ಪಂಡಿತರು ಮಿತ್ರರನ್ನು ಹೆಚ್ಚು ಮೆಚ್ಚುತ್ತಾರೆ, ಸಹಜ ಬೆಳಕು ಅಂತ. ನಮ್ಮ ಮನೆಯಲ್ಲಿ ಎರಡೂ ಸಹಜವೇ ಆಗಿತ್ತು.

1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ ಒಮ್ಮೆ ನೋಡಿ. ನೃತ್ಯವೊಂದರಲ್ಲಿ ಮಿನೂ ಮಮ್ತಾಜ್ ಬೆಳಕಿನಲ್ಲಿ ಕುಣಿಯುತ್ತಾರೆ, ಸುತ್ತ ಕುಣಿಯುವ ಹುಡುಗಿಯರೆಲ್ಲ ನೆರಳು. ಅವರ ಮುಖ ಕಾಣುವುದೇ ಇಲ್ಲ, ಬರೀ ಆಕಾರ ಓಡಾಡುತ್ತದೆ. ಅಷ್ಟೊಂದು ಜನ ಒಟ್ಟಿಗೆ ಚಲಿಸುವಾಗ ಒಬ್ಬಳಿಗೆ ಮಾತ್ರ ಬೆಳಕು ಸೋರದಂತೆ ಕಟ್ಟುವುದು ಎಷ್ಟು ಕಷ್ಟ ಅಂತ ಕ್ಯಾಮರಾ ಹಿಡಿದವರಿಗೆ ಗೊತ್ತು. ಜಮೀನ್ದಾರಿ ಮನೆಯಲ್ಲಿ ಯಾರಿಗೆ ಮುಖ ಉಂಟು, ಯಾರಿಗಿಲ್ಲ ಅನ್ನುವುದನ್ನೂ ಆ ಹಾಡು ಹೇಳಿಬಿಡುತ್ತದೆ ಅಂತ ನನಗನ್ನಿಸುತ್ತದೆ. ಈ ಚಿತ್ರಕ್ಕೂ, ‘ಕಾಗಜ್ ಕೆ ಫೂಲ್’ಗೂ ಮೂರ್ತಿಗಳಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. ‘ಕಾಗಜ್ ಕೆ ಫೂಲ್’ ಮಾತ್ರ ಗಲ್ಲಾಪೆಟ್ಟಿಗೆಯಲ್ಲಿ ಮಕಾಡೆ ಮಲಗಿತು. ಗುರುದತ್ ಆಮೇಲೆ ಯಾವ ಚಿತ್ರಕ್ಕೂ ನಿರ್ದೇಶಕ ಅಂತ ಹೆಸರು ಹಾಕಿಕೊಳ್ಳಲಿಲ್ಲ. 1964ರ ಅಕ್ಟೋಬರ್ 10ರಂದು ಹೋಗಿಯೇಬಿಟ್ಟರು. ವಯಸ್ಸು ಮೂವತ್ತೊಂಬತ್ತು.

ಮೂರ್ತಿಗಳಿಗೆ ಆಗ ನಲವತ್ತು. ಕೈ ಇನ್ನೂ ಪಕ್ವವಾಗುವ ವಯಸ್ಸು. ಕೆಲಸಕ್ಕೇನೂ ಬರ ಬರಲಿಲ್ಲ. ಪ್ರಮೋದ್ ಚಕ್ರವರ್ತಿಯವರಿಗೆ ‘ಜಿದ್ದಿ’, ‘ಲವ್ ಇನ್ ಟೋಕಿಯೋ’, ‘ನಯಾ ಜಮಾನಾ’, ‘ಜುಗ್ನು’. ಬಣ್ಣದ, ಹಾಡಿನ, ಓಡುವ ಸಿನೆಮಾಗಳು. ‘ಪಾಕೀಜಾ’ದ ಛಾಯಾಗ್ರಾಹಕ ಜೋಸೆಫ್ ವಿರ್ಷಿಂಗ್ 1967ರಲ್ಲಿ ತೀರಿಕೊಂಡ ಮೇಲೆ ಉಳಿದ ಭಾಗಕ್ಕೆ ಕೈ ಹಚ್ಚಿದವರಲ್ಲಿ ಇವರೂ ಒಬ್ಬರು. ಯಾವುದೂ ಕೆಟ್ಟ ಕೆಲಸವಲ್ಲ, ಶಿಸ್ತಿನ ಕೆಲಸ. ‘ಲವ್ ಇನ್ ಟೋಕಿಯೋ’ ನೋಡುತ್ತ ಆ ಎರಡು ಕನ್ನಡಿ ಹುಡುಕಬೇಡಿ ಅಷ್ಟೇ. ಬಿಸಿಲು ತರುತ್ತೇನೆ ಅನ್ನುವವನು ಇದ್ದರೆ ಸಾಲದು, ಅದಕ್ಕಾಗಿ ಒಂದು ದಿನದ ಶೂಟಿಂಗ್ ನಿಲ್ಲಿಸಿ ಕಾಯುತ್ತೇನೆ ಅನ್ನುವ ಹುಚ್ಚ ಇನ್ನೊಬ್ಬ ಬೇಕು. ಬರೆಯುವವನಿಗೆ ಕಾಗದ ಪೆನ್ನು ಸಾಕು, ಹಾಡುವವನಿಗೆ ಶ್ರುತಿಪೆಟ್ಟಿಗೆ. ಛಾಯಾಗ್ರಾಹಕನ ಬದುಕು ಮಾತ್ರ ಬೇರೆಯವರ ಕನಸಿಗೆ ಕಟ್ಟಿಹಾಕಿದ್ದು.

ಆಮೇಲೆ ಶಿಷ್ಯ ಬಂದ. ಅದೇ ಎಸ್.ಜೆ.ಪಿ.ಯಲ್ಲಿ 1962ರಲ್ಲಿ ಛಾಯಾಗ್ರಹಣ ಮುಗಿಸಿ ಮೂರ್ತಿಗಳ ಸಹಾಯಕನಾಗಿ ಸೇರಿದ್ದ ಗೋವಿಂದ ನಿಹಲಾನಿ. 1988ರಲ್ಲಿ ‘ತಮಸ್’ ಮಾಡುವಾಗ ಕ್ಯಾಮರಾದ ಹಿಂದೆ ಗುರುವನ್ನು ನಿಲ್ಲಿಸಿಕೊಂಡರು. ಅದೇ ಹೊತ್ತಿಗೆ ಶ್ಯಾಮ್ ಬೆನೆಗಲ್ ಅವರ ‘ಭಾರತ್ ಏಕ್ ಖೋಜ್’, 53 ಕಂತು, ಅದಕ್ಕೂ ಮೂರ್ತಿಗಳದೇ ಕಣ್ಣು. ಭಾನುವಾರ ಬೆಳಿಗ್ಗೆ ಘಟ್ಟದ ಮೇಲೆ ದೂರದರ್ಶನ ಹಿಡಿಯುವುದೆಂದರೆ ಒಬ್ಬ ಆಂಟೆನಾ ತಿರುಗಿಸುವವನು, ಒಬ್ಬ ಅಂಗಳದಲ್ಲಿ, ಒಬ್ಬ ಟಿವಿ ಮುಂದೆ: “ಬಂತಾ?” “ಇಲ್ಲೆ!” “ಈಗ?” “ಹೋತು ಹೋತು!” ಪರದೆ ತುಂಬ ಹೆಸರುಕಾಳು ಚೆಲ್ಲಿದ ಹಾಗಿನ ಚುಕ್ಕಿಗಳ ನಡುವೆ ಅಶೋಕನೋ ಅಕ್ಬರನೋ ಕಂಡರೆ ಪುಣ್ಯ. ಮೈಸೂರಿನವರೊಬ್ಬರ ಬೆಳಕು ಕೊನೆಗೂ ಅರಬೈಲಿನ ಮನೆಯೊಳಗೆ ಬಂದಿದ್ದು ಹೀಗೆ.

ಕನ್ನಡದಲ್ಲಿ ಅವರ ಕ್ಯಾಮರಾ ಓಡಿದ್ದು ‘ಹೂವು ಹಣ್ಣು’ ಚಿತ್ರಕ್ಕೆ, 1993ರಲ್ಲಿ. ತ್ರಿವೇಣಿಯವರ ಕಾದಂಬರಿ, ರಾಜೇಂದ್ರಸಿಂಗ್ ಬಾಬು ನಿರ್ದೇಶನ, ಲಕ್ಷ್ಮಿ ನಾಯಕಿ. ಆಗ ಮೂರ್ತಿಗಳಿಗೆ ಎಪ್ಪತ್ತು ತುಂಬುತ್ತಿತ್ತು! ಐವತ್ತರ ದಶಕದಲ್ಲಿ ನಮ್ಮ ಸಿನೆಮಾ ಹೆಚ್ಚಾಗಿ ಹೊರಗೇ ತಯಾರಾಗುತ್ತಿತ್ತು, ಸರಿ. ಎಪ್ಪತ್ತರ ದಶಕದಲ್ಲಿ? ಎಂಬತ್ತರಲ್ಲಿ? ಆಗ ಕನ್ನಡದಲ್ಲಿ ಒಳ್ಳೆಯ ಕಾದಂಬರಿಗಳು ಒಂದರ ಹಿಂದೊಂದು ಸಿನೆಮಾ ಆದವು, ಅದರಲ್ಲಿ ಎಷ್ಟೋ ಕತ್ತಲೆ ತುಂಬಿದ ಹಳೇ ಮನೆಗಳ ಕಥೆಗಳೇ. ಆ ಮನೆಗಳಿಗೆ ಮೂರ್ತಿಗಳ ಗಾಜಿನ ಹೆಂಚು ಇದ್ದಿದ್ದರೆ ಅಂತ ನನಗೆ ಪ್ರತಿ ಸಲ ಹೊಟ್ಟೆ ಉರಿಯುತ್ತದೆ.

ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಬಂತು, 2008ನೇ ಸಾಲಿನದು, ಕೈಗೆ ಸಿಕ್ಕಿದ್ದು 2010ರಲ್ಲಿ. ಒಬ್ಬ ಛಾಯಾಗ್ರಾಹಕನಿಗೆ ಅದು ಬಂದಿದ್ದು ಅದೇ ಮೊದಲು. ಎಂಬತ್ತಾರು ದಾಟಿದ ಅವರನ್ನು ಆಗ ಪತ್ರಿಕೆಗಳು ‘ನಮ್ಮ ಕನ್ನಡಿಗ’ ಅಂದವು. ಉಮಾ ರಾವ್ ಅವರು ಮೂರ್ತಿಗಳ ಬಗ್ಗೆ ಕನ್ನಡದಲ್ಲಿ ಪುಸ್ತಕ ಬರೆದಿದ್ದಾರೆ, ಹೆಸರೇ ‘ಬಿಸಿಲು ಕೋಲು’. ಸಿಕ್ಕರೆ ಬಿಡಬೇಡಿ.

ನನಗೆ ಬೇಕಾಗಿರುವುದು ‘ಹೂವು ಹಣ್ಣು’ವಿನ ಒಂದು ಒಳ್ಳೆಯ ಪ್ರಿಂಟು. ನನ್ನ ಹತ್ತಿರ ಇರುವುದರಲ್ಲಿ ಬಣ್ಣವೆಲ್ಲ ಕಲಸಿಹೋಗಿದೆ, ಮುಖ ಯಾವುದು ಗೋಡೆ ಯಾವುದು ಗೊತ್ತಾಗುವುದಿಲ್ಲ. ನಿಮ್ಮಲ್ಲಿ ಯಾರ ಬಳಿಯಾದರೂ ಇದ್ದರೆ ದಯವಿಟ್ಟು ತಿಳಿಸಿ. ಅಡಿಕೆ ಕೊಯ್ಲು ಮುಗಿದ ಮೇಲೆ ನಾನೇ ಬಂದು ಪಡೆಯುತ್ತೇನೆ. ಬರುವಾಗ ಆಯಿ ಮಾಡಿದ ತೊಡದೇವು ತರ್ತೇನೆ.